ಕಾಣೆಯಾದ ಫೈಲ್ ಹುಡುಕಹೋಗಿ ನಂಬಿಕೆ ಕಳೆದುಕೊಂಡೆ

ಬಿ.ಕಾಂ ಕೊನೆಯ ಸೆಮಿಸ್ಟರ್‌ನಲ್ಲಿದ್ದಾಗ ಹಾಸನದ ಒಂದು ಸೈಬರ್ ಸೆಂಟರ್‌ನಲ್ಲಿ ಸಂಜೆ ಹೊತ್ತು ಕೆಲಸ ಮಾಡುತ್ತಿದ್ದೆ. ಅರ್ಜಿ ತುಂಬುವುದು, ಮಾರ್ಕ್ಸ್ ಕಾರ್ಡ್ ಸ್ಕ್ಯಾನ್ ಮಾಡುವುದು, ಜೆರಾಕ್ಸ್ ತೆಗೆಯುವುದು ನನ್ನ ಪಾಲಿನ ಕೆಲಸ. ಅಂಗಡಿಯ ಅಣ್ಣನಿಗೆ ಇನ್ನೊಂದು ಅಂಗಡಿಯೂ ಇತ್ತು. ಕಲರ್ ಪ್ರಿಂಟರ್ ಇದ್ದದ್ದು ಅಲ್ಲಿ. ಇಲ್ಲಿಂದ ಅಲ್ಲಿಗೆ ಫೈಲ್ ಕಳುಹಿಸಲು ಹಳೆಯದೊಂದು ಸಾಫ್ಟ್‌ವೇರ್ ಬಳಸುತ್ತಿದ್ದೆವು.

ಅಂದು ಸ್ಕಾಲರ್‌ಶಿಪ್ ಅರ್ಜಿಗೆ ಕೊನೆಯ ದಿನ. ಬಾಗಿಲಾಚೆಗೂ ಸಾಲು. ಸಾಫ್ಟ್‌ವೇರ್ ಕ್ಲಿಕ್ ಮಾಡಿದರೆ ಪರದೆಯ ಮೇಲೆ ಒಂದು ಪೆಟ್ಟಿಗೆ ಮೂಡಿತು: 'ಲಿಬ್‌ಇಎವೈ32.ಡಿಎಲ್‌ಎಲ್ ಕಾಣೆಯಾಗಿದೆ.' ಓಕೆ ಒತ್ತಿದೆ, ಮತ್ತೆ ಅದೇ. ಕಂಪ್ಯೂಟರ್ ರೀಸ್ಟಾರ್ಟ್ ಮಾಡಿದೆ, ಮತ್ತೆ ಅದೇ.

'ಬೇಗ ಮಾಡಪ್ಪಾ, ಊರಿಗೆ ಕೊನೇ ಬಸ್ಸು ಹೋಗ್ಬಿಡುತ್ತೆ' ಎಂದರು ಸಾಲಿನಲ್ಲಿದ್ದ ಒಬ್ಬರು ತಾಯಿ. ಗಡಿಬಿಡಿಯಲ್ಲಿ ಆ ಫೈಲಿನ ಹೆಸರನ್ನು ಗೂಗಲ್‌ನಲ್ಲಿ ಹಾಕಿದೆ. ಉಚಿತ ಡೌನ್‌ಲೋಡ್ ಎನ್ನುವ ಜಾಲತಾಣಗಳು ಸಾಲಾಗಿ ಬಂದವು. ಒಂದರಿಂದ ಫೈಲ್ ಇಳಿಸಿಕೊಂಡೆ. ಆಂಟಿವೈರಸ್ ತಡೆಯಿತು. ಅದನ್ನೇ ಆಫ್ ಮಾಡಿದೆ! ಸಾಫ್ಟ್‌ವೇರ್ ತೆರೆದುಕೊಂಡಿತು. ಆ ಸಂಜೆ ನಾನೇ ಹೀರೋ.

ಮೂರನೇ ದಿನ ಕಂಪ್ಯೂಟರ್ ತೆವಳತೊಡಗಿತು. ರಿಪೇರಿಗೆ ಬಂದ ಹುಡುಗ ತಪಾಸಣೆ ಮಾಡಿ, 'ಕೀಬೋರ್ಡಲ್ಲಿ ಒತ್ತಿದ್ದನ್ನೆಲ್ಲ ಕದಿಯೋ ವೈರಸ್ ಇದು. ಯಾವಾಗ ಬಂತು ಗೊತ್ತಾ?' ಎಂದು ಕೇಳಿದ. ಅವನು ತೋರಿಸಿದ ದಿನಾಂಕ, ಸಮಯ ಎರಡೂ ನನ್ನ ಡೌನ್‌ಲೋಡಿನವು.

ಅಣ್ಣ ಬೈಯಲಿಲ್ಲ. ರಿಜಿಸ್ಟರ್ ತೆಗೆದು ನನ್ನ ಮುಂದಿಟ್ಟರು. 'ಈ ಮೂರು ದಿನ ಬಂದೋರಿಗೆಲ್ಲ ಫೋನ್ ಮಾಡು. ಪಾಸ್‌ವರ್ಡ್ ಬದಲಾಯಿಸ್ಕೊಳ್ಳಿ ಅಂತ ಹೇಳು. ಯಾಕೆ ಅಂತಾನೂ ಹೇಳು.' ಮೂವತ್ತೇಳು ಜನ. ಕೆಲವರಿಗೆ ನಾನು ಹೇಳಿದ್ದು ಅರ್ಥವೇ ಆಗಲಿಲ್ಲ. ಕೆಲವರು ಬೈದರು. ಬಸ್ಸಿನ ಅವಸರದಲ್ಲಿದ್ದ ಆ ತಾಯಿ ಎಲ್ಲವನ್ನೂ ಕೇಳಿಸಿಕೊಂಡು, 'ಹೇಳಿದ್ದು ಒಳ್ಳೇದಾಯ್ತು ಕಣಪ್ಪಾ. ಆದ್ರೆ ಇನ್ಮೇಲೆ ನಿಮ್ಮ ಅಂಗಡಿಗೆ ಬರಲ್ಲ' ಎಂದರು.

ಆ ಮಾತು ನನ್ನನ್ನು ಓದಿಗೆ ಹಚ್ಚಿತು. ಅಷ್ಟಕ್ಕೂ ಕಾಣೆಯಾದದ್ದು ಏನು?

ಡಿಎಲ್‌ಎಲ್ ಎಂದರೆ ವಠಾರದ ಬಾವಿ ಇದ್ದಂತೆ. ಪ್ರತಿ ಸಾಫ್ಟ್‌ವೇರ್ ತನ್ನದೇ ಬಾವಿ ತೋಡುವುದಿಲ್ಲ, ಹಲವು ಸಾಫ್ಟ್‌ವೇರ್‌ಗಳು ಒಂದೇ ಫೈಲನ್ನು ಬಳಸಿಕೊಳ್ಳಬಹುದು. ಅಂದು ಬೆಳಿಗ್ಗೆ ಬೇಡದ ಹಳೆಯ ಸಾಫ್ಟ್‌ವೇರ್ ಒಂದನ್ನು ನಾನೇ ತೆಗೆದುಹಾಕಿದ್ದೆ. ವಠಾರ ಬಿಟ್ಟು ಹೊರಟ ಸಂಸಾರ ಬಾವಿಯ ಹಗ್ಗವನ್ನೂ ಕೊಂಡೊಯ್ದಂತೆ ಅದು ಈ ಫೈಲನ್ನೂ ಜೊತೆಗೆ ಒಯ್ದಿತ್ತು.

ಆ ವಿಚಿತ್ರ ಹೆಸರಿನಲ್ಲಿ ಒಬ್ಬ ಮನುಷ್ಯನಿದ್ದಾನೆ. 'ಇಎವೈ' ಎಂದರೆ ಎರಿಕ್ ಎ. ಯಂಗ್. 1990ರ ದಶಕದಲ್ಲಿ ಆಸ್ಟ್ರೇಲಿಯಾದಲ್ಲಿ ಇವರು ಟಿಮ್ ಹಡ್ಸನ್ ಜೊತೆ ಸೇರಿ, ಇಂಟರ್‌ನೆಟ್‌ನಲ್ಲಿ ಮಾಹಿತಿಯನ್ನು ಗೂಢಲಿಪಿಯಾಗಿಸಿ ಕಳುಹಿಸುವ ಕೋಡ್ ಬರೆದರು. 1998ರಲ್ಲಿ ಅದನ್ನೇ ಮುಂದುವರಿಸಿ ಓಪನ್‌ಎಸ್‌ಎಸ್‌ಎಲ್ ಹುಟ್ಟಿತು. ಇಂದಿಗೂ ಜಗತ್ತಿನ ಲೆಕ್ಕವಿಲ್ಲದಷ್ಟು ಸರ್ವರ್‌ಗಳು ಅದನ್ನು ನೆಚ್ಚಿಕೊಂಡಿವೆ. 2016ರಲ್ಲಿ ಬಂದ 1.1.0 ಆವೃತ್ತಿಯಿಂದ ಈ ಫೈಲಿನ ಹೆಸರು 'ಲಿಬ್‌ಕ್ರಿಪ್ಟೊ' ಎಂದಾಗಿದೆ. ಹಾಗಾಗಿ ಹಳೆಯ ಹೆಸರಿನ ಫೈಲ್ ಕೇಳುವ ಸಾಫ್ಟ್‌ವೇರ್ ತಾನೇ ಹಳೆಯದು ಎಂದರ್ಥ.

ಹಳೆಯದಾದರೇನು ಎನ್ನಬೇಡಿ. 2014ರ ಏಪ್ರಿಲ್‌ನಲ್ಲಿ ಇದೇ ಓಪನ್‌ಎಸ್‌ಎಸ್‌ಎಲ್‌ನಲ್ಲಿ 'ಹಾರ್ಟ್‌ಬ್ಲೀಡ್' ಎಂಬ ದೋಷ ಬಯಲಾಯಿತು. 1.0.1ರಿಂದ 1.0.1ಎಫ್‌ವರೆಗಿನ ಆವೃತ್ತಿಗಳಿದ್ದ ಸರ್ವರ್‌ಗಳ ನೆನಪಿನಿಂದ ಒಂದು ಸಲಕ್ಕೆ 64 ಕಿಲೋಬೈಟ್‌ವರೆಗೆ ಮಾಹಿತಿ ಕದಿಯಬಹುದಿತ್ತು. ಕಂಡಕಂಡಲ್ಲಿ ಸಿಗುವ ಹಳೆಯ ಫೈಲಿನಲ್ಲಿ ವೈರಸ್ ಇಲ್ಲದಿದ್ದರೂ ಇಂಥ ತೂತು ಇರಬಹುದು.

ವೈರಸ್ ಇದ್ದರಂತೂ ಕೇಳುವುದೇ ಬೇಡ. ಡಿಎಲ್‌ಎಲ್ ತನ್ನನ್ನು ಕರೆದ ಸಾಫ್ಟ್‌ವೇರಿನ ಒಳಗೇ ಕೂತು, ಅದರದೇ ಅಧಿಕಾರದಲ್ಲಿ ಓಡುತ್ತದೆ. ಗೂಢಲಿಪಿಯ ಫೈಲ್ ಎಂದರೆ ಬೀಗ. ಬೀಗವೇ ಕಳ್ಳನದಾದರೆ, ಬಾಗಿಲು ಹಾಕುವ ಮೊದಲೇ ಒಳಗಿರುವುದನ್ನೆಲ್ಲ ಅವನು ನೋಡಿರುತ್ತಾನೆ.

ನಿಮ್ಮ ಪರದೆಯ ಮೇಲೂ ಈ ಪೆಟ್ಟಿಗೆ ಮೂಡಿದರೆ ಮೊದಲು ಫೈಲಿನ ಹೆಸರನ್ನು ಪೂರ್ತಿ ಓದಿ, ಮೊಬೈಲ್‌ನಲ್ಲಿ ಫೋಟೊ ತೆಗೆದುಕೊಳ್ಳಿ. ರೀಸೈಕಲ್ ಬಿನ್ ನೋಡಿ. ಆಂಟಿವೈರಸ್ ಆ ಫೈಲನ್ನು ಹಿಡಿದಿಟ್ಟಿದೆಯೇ ನೋಡಿ, ಹಿಡಿದಿಟ್ಟಿದ್ದರೆ ಕಾರಣ ತಿಳಿಯದೆ ಬಿಡಿಸಬೇಡಿ. ಆಮೇಲೆ ಆ ಸಾಫ್ಟ್‌ವೇರನ್ನೇ ತೆಗೆದು, ತಯಾರಕರ ಜಾಲತಾಣದಿಂದ ಹೊಸ ಆವೃತ್ತಿ ಹಾಕಿಕೊಳ್ಳಿ. ಬೇಕಾದ ಫೈಲ್ ಸಾಮಾನ್ಯವಾಗಿ ಅದರ ಜೊತೆಗೇ ಬರುತ್ತದೆ.

'ಎಸ್‌ಎಫ್‌ಸಿ ಸ್ಕ್ಯಾನ್‌ನೌ' ಕಮಾಂಡ್ ಕೊಟ್ಟರೆ ಎಲ್ಲ ಸರಿಹೋಗುತ್ತದೆ ಎಂದು ಹೇಳುವವರಿದ್ದಾರೆ. ಅದು ಸರಿಪಡಿಸುವುದು ವಿಂಡೋಸ್‌ನ ಸ್ವಂತ ಫೈಲ್‌ಗಳನ್ನು ಮಾತ್ರ. ಕ್ರಿಪ್ಟ್32, ಬಿಕ್ರಿಪ್ಟ್ ಕೆಟ್ಟರೆ ಅದು ಕೆಲಸಕ್ಕೆ ಬರುತ್ತದೆ. ಲಿಬ್‌ಇಎವೈ ವಿಂಡೋಸ್‌ನದಲ್ಲ, ಅದನ್ನು ಈ ಕಮಾಂಡ್ ತಂದುಕೊಡದು. 'ವಿಸಿರನ್‌ಟೈಮ್140' ಕಾಣೆಯಾದರೆ ಮೈಕ್ರೋಸಾಫ್ಟ್ ಜಾಲತಾಣದಲ್ಲೇ ಸಿಗುವ ವಿಷುಯಲ್ ಸಿ ಪ್ಲಸ್ ಪ್ಲಸ್ ರೀಡಿಸ್ಟ್ರಿಬ್ಯೂಟಬಲ್ ಹಾಕಿಕೊಂಡರೆ ಸಾಕು.

ನಮ್ಮ ಅಂಗಡಿಯ ಕಂಪ್ಯೂಟರನ್ನು ಫಾರ್ಮ್ಯಾಟ್ ಮಾಡಿ, ಆ ಸಾಫ್ಟ್‌ವೇರಿನ ಹೊಸ ಆವೃತ್ತಿ ಹಾಕಿದೆವು. ಇನ್‌ಸ್ಟಾಲ್ ಆಗಲು ಹಿಡಿದದ್ದು ಹತ್ತು ನಿಮಿಷ. ಅಂದು ಸಾಲಿನಲ್ಲಿದ್ದವರ ಬಳಿ 'ಹತ್ತು ನಿಮಿಷ ತಾಳಿ' ಎನ್ನುವ ಧೈರ್ಯ ನನಗಿರಲಿಲ್ಲ.

ಈಗ ನಾನೂ ಕೆಲಸ ಹುಡುಕುತ್ತಿದ್ದೇನೆ. ಅರ್ಜಿ ತುಂಬಲು ಅದೇ ಅಂಗಡಿಗೆ ಹೋಗುತ್ತೇನೆ. ಮೂವತ್ತೇಳು ಮಂದಿಯಲ್ಲಿ ಎಷ್ಟೋ ಜನ ಮತ್ತೆ ಬರುತ್ತಿದ್ದಾರೆ ಎಂದು ಅಣ್ಣ ಹೇಳುತ್ತಾರೆ. ಆ ತಾಯಿ ಮಾತ್ರ ಇನ್ನೂ ಬಂದಿಲ್ಲವಂತೆ.