ಪೈಪು ಹಾಕಿದ ಮನೆಯಲ್ಲಿ: ನಂಬಿಕೆ ಯಾವುದು, ನಿಜ ಯಾವುದು

ರಾಯದುರ್ಗದ ಕಡೆ “ಅಪ್ಪಗ ಪೈಪ್ ಹಾಕ್ಯಾರ” ಅನ್ನುತ್ತಾರೆ. 2022ರಲ್ಲಿ ಅನಂತಪುರದಿಂದ ಶ್ರೀ ಸತ್ಯಸಾಯಿ ಜಿಲ್ಲೆಗೆ ಸೇರಿದ ಮಡಕಶಿರದಲ್ಲಿ, ಅಗಳಿ, ರೊಳ್ಳ, ಅಮರಾಪುರದ ಊರುಗಳಲ್ಲಿ, “ತಾತಂಗೆ ಪೈಪ್ ಹಾಕವ್ರೆ” ಅನ್ನುತ್ತಾರೆ. ಮೂತ್ರ ಹೊರಗೆ ಹರಿಯಲು ಹಾಕುವ ಪೈಪು ಇದು. ಮಾತಿನ ಧಾಟಿ ಬೇರೆ, ಅಳುಕು ಒಂದೇ. ಅನಂತಪುರದ್ದೋ ಹಿಂದೂಪುರದ್ದೋ ಆಸ್ಪತ್ರೆಯಿಂದ ಬಿಡುಗಡೆಯಾಗಿ ಬರುವವರ ಕೈಯಲ್ಲಿ ಇಂಗ್ಲಿಷಿನ ಚೀಟಿ ಇರುತ್ತದೆ. ನರ್ಸಮ್ಮ ಹೇಳಿದ್ದು ತೆಲುಗಿನಲ್ಲಿ, ಮನೆಯವರು ಮಾತಾಡುವುದು ಕನ್ನಡದಲ್ಲಿ. ಮೂರು ಭಾಷೆ ದಾಟುವಷ್ಟರಲ್ಲಿ ಅರ್ಧ ಮಾತು ಉದುರಿಹೋಗುತ್ತದೆ. ಉಳಿದರ್ಧವನ್ನು ಅಕ್ಕಪಕ್ಕದವರು ತಮಗೆ ತಿಳಿದಂತೆ ತುಂಬುತ್ತಾರೆ. ತಪ್ಪು ಕಲ್ಪನೆಗಳು ಹುಟ್ಟುವುದು ಅಲ್ಲಿ.

ಮೊದಲನೆಯದು ಚೀಲದ ಎತ್ತರದ ವಿಷಯ. ಮೂತ್ರದ ಚೀಲವನ್ನು ಗ್ಲೂಕೋಸ್ ಬಾಟಲಿಯಂತೆ ಮೇಲೆ ಹಿಡಿಯಬೇಕು ಎಂದು ಬಹಳ ಜನ ತಿಳಿದಿದ್ದಾರೆ. ಬೈಕಿನಲ್ಲಿ ಕಾಯಿಲೆಯವರನ್ನು ನಡುವೆ ಕೂರಿಸಿಕೊಂಡು, ಹಿಂದೆ ಕೂತವರು ಚೀಲವನ್ನು ಹೆಗಲೆತ್ತರಕ್ಕೆ ಹಿಡಿದು ಹೋಗುವುದುಂಟು. ಬಸ್ಸಿನಲ್ಲಿ ತೊಡೆಯ ಮೇಲಿಟ್ಟುಕೊಂಡು ಟವೆಲ್ ಮುಚ್ಚುವುದೂ ಉಂಟು. ಗ್ಲೂಕೋಸ್ ಮೈಯೊಳಗೆ ಇಳಿಯಬೇಕಾದದ್ದು, ಅದಕ್ಕೆ ಮೇಲೆ. ಮೂತ್ರ ಮೈಯಿಂದ ಹೊರಗೆ ಹರಿಯಬೇಕಾದದ್ದು, ಅದಕ್ಕೆ ಯಾವಾಗಲೂ ಮೂತ್ರಕೋಶಕ್ಕಿಂತ, ಅಂದರೆ ಕಿಬ್ಬೊಟ್ಟೆಗಿಂತ, ಕೆಳಗೆ. ಎತ್ತಿ ಹಿಡಿದರೆ ಚೀಲದಲ್ಲಿ ನಿಂತ ಮೂತ್ರ ಅಲ್ಲಿ ಬೆಳೆದ ಸೂಕ್ಷ್ಮಾಣುಗಳ ಸಮೇತ ಹಿಂದಕ್ಕೆ ಹರಿಯುತ್ತದೆ. ಹೊರಡುವ ಮುಂಚೆ ಚೀಲ ಖಾಲಿ ಮಾಡಿ. ದಾರಿಯಲ್ಲಿ ಮೊಣಕಾಲಿನ ಕೆಳಗೆ ಇರಲಿ, ಪೈಪು ಮಡಚಿಕೊಳ್ಳದಿರಲಿ.

ನಮ್ಮ ಮನೆಗಳಲ್ಲಿ ಇನ್ನೊಂದು ತೊಡಕಿದೆ. ವಯಸ್ಸಾದವರು ಚಾಪೆಯ ಮೇಲೆ, ನೆಲದಲ್ಲೇ ಮಲಗುತ್ತಾರೆ. ಆಗ ಚೀಲಕ್ಕೆ ಅವರಿಗಿಂತ ಕೆಳಗಿನ ಜಾಗವೇ ಇಲ್ಲ, ಅದು ಪಕ್ಕದಲ್ಲೇ ನೆಲಕ್ಕೆ ಬೀಳುತ್ತದೆ. ಪೈಪು ಇರುವಷ್ಟು ದಿನ ಮಂಚವೇ ಬೇಕು, ಹಳೆಯ ನುಲಿ ಮಂಚವಾದರೂ ಸರಿ. ಚೀಲವನ್ನು ಅದರ ಪಕ್ಕದ ಕಟ್ಟಿಗೆಗೆ, ನೆಲ ಮುಟ್ಟದಂತೆ ತೂಗುಹಾಕಿ. ದುಬಾರಿ ಔಷಧಕ್ಕಿಂತ ಈ ಮಂಚ ಹೆಚ್ಚು ಕಾಪಾಡುತ್ತದೆ ಎಂದು ನಾನು ನಂಬುತ್ತೇನೆ.

“ಎಳೆದರೆ ಬರುತ್ತೆ, ಬರದಿದ್ದರೆ ಕತ್ತರಿಸಿದರಾಯಿತು.” ಇದು ಅಪಾಯದ ಮಾತು. ಈ ಪೈಪಿಗೆ ಫೋಲಿ ಕ್ಯಾತಿಟರ್ ಎಂದು ಹೆಸರು. 1930ರ ದಶಕದಲ್ಲಿ ಅಮೆರಿಕದ ಮೂತ್ರರೋಗ ತಜ್ಞ ಫ್ರೆಡರಿಕ್ ಫೋಲಿ ಇದನ್ನು ರೂಪಿಸಿದರು. ಒಳತುದಿಯಲ್ಲಿ ಪುಟ್ಟ ಬಲೂನು ಇರುತ್ತದೆ, ದೊಡ್ಡವರಿಗೆ ಹಾಕುವಾಗ ಅದಕ್ಕೆ ಸಾಮಾನ್ಯವಾಗಿ 10 ಮಿಲಿಲೀಟರ್ ಶುದ್ಧ ನೀರು ತುಂಬಿಸುತ್ತಾರೆ. ಪೈಪು ಜಾರಿ ಬೀಳದಿರುವುದು ಆ ಬಲೂನಿನಿಂದಲೇ. ನೀರು ತೆಗೆಯದೆ ಎಳೆದರೆ ಮೂತ್ರನಾಳ ಹರಿದು ರಕ್ತ ಸುರಿಯುತ್ತದೆ. ಕತ್ತರಿಸಿದರೆ ಬಲೂನು ಖಾಲಿಯಾಗದೆ ಉಳಿಯಬಹುದು, ತುಂಡು ಒಳಗೇ ಸೇರಿಕೊಳ್ಳಬಹುದು. ತೆಗೆಯುವುದು ತರಬೇತಿ ಪಡೆದವರ ಕೆಲಸ. ನಿದ್ದೆಗಣ್ಣಿನಲ್ಲಿ ಕೈ ತಾಗಿ ಜಗ್ಗದಂತೆ ಪೈಪನ್ನು ಸ್ವಲ್ಪ ಸಡಿಲ ಬಿಟ್ಟು ತೊಡೆಗೆ ಅಂಟುಪಟ್ಟಿ ಹಾಕಿರಬೇಕು.

ಬೇಸಿಗೆಯ ನಂಬಿಕೆಯಂತೂ ನನ್ನನ್ನು ಬಹಳ ಕಾಡುತ್ತದೆ. “ನೀರು ಕಮ್ಮಿ ಕುಡಿದರೆ ಚೀಲ ಬೇಗ ತುಂಬೋದಿಲ್ಲ, ಮಕ್ಕಳಿಗೂ ತೊಂದರೆ ಇಲ್ಲ” ಎಂದು ಮುದುಕರು ತುಟಿ ಒಣಗಿಸಿಕೊಂಡು ಮಲಗಿರುತ್ತಾರೆ. ದೇಶದಲ್ಲೇ ಅತಿ ಕಡಿಮೆ ಮಳೆಯ ನೆಲಗಳಲ್ಲಿ ಒಂದಾದ ಈ ಸೀಮೆಯ ಏಪ್ರಿಲ್, ಮೇ ಬಿಸಿಲಿನಲ್ಲಿ ಮೈಯ ನೀರೆಲ್ಲ ಬೆವರಾಗಿ ಹೋಗಿ ಮೂತ್ರ ಚಹಾ ಬಣ್ಣಕ್ಕೆ ತಿರುಗುತ್ತದೆ. ಮನೆಯವರು “ಉಷ್ಣ ಆಗಿದೆ” ಎಂದು ಸುಮ್ಮನಾಗುತ್ತಾರೆ. ಗಟ್ಟಿಯಾದ ಮೂತ್ರ ಪೈಪಿಗೂ ಕೇಡು, ಮೂತ್ರಪಿಂಡಕ್ಕೂ ಕೇಡು. ಮೂತ್ರ ತಿಳಿ ಹಳದಿ ಇರುವಷ್ಟು ನೀರು, ಮಜ್ಜಿಗೆ, ತೆಳು ರಾಗಿ ಅಂಬಲಿ ಹೋಗುತ್ತಿರಲಿ. ಹೃದಯದ ಅಥವಾ ಕಿಡ್ನಿಯ ಕಾಯಿಲೆ ಇದ್ದವರಿಗೆ ಮಾತ್ರ ಡಾಕ್ಟರ್ ಹೇಳಿದ ಅಳತೆ.

ಇದಕ್ಕೆ ತಳಕು ಹಾಕಿಕೊಂಡ ಇನ್ನೊಂದು ಮಾತು: “ನಮ್ಮ ಬೋರಿನ ಸವುಳು ನೀರಿಗೆ ಪೈಪು ಕಟ್ಟಿಕೊಳ್ಳುತ್ತೆ.” ಪೈಪಿನೊಳಗೆ ಸುಣ್ಣದಂತೆ ಗಟ್ಟಿ ಪದರ ಕೂರುವುದು ನಿಜ, ಆದರೆ ಮುಖ್ಯ ಕಾರಣ ಬೋರಿನ ನೀರಲ್ಲ. ಪ್ರೋಟಿಯಸ್‌ನಂತಹ ಬ್ಯಾಕ್ಟೀರಿಯಾಗಳು ಮೂತ್ರದ ಯೂರಿಯಾವನ್ನು ಒಡೆದು ಅಮೋನಿಯಾ ಮಾಡುತ್ತವೆ. ಮೂತ್ರ ಕ್ಷಾರೀಯವಾಗುತ್ತದೆ, ಅದರಲ್ಲಿದ್ದ ಮೆಗ್ನೀಷಿಯಂ ಮತ್ತು ಕ್ಯಾಲ್ಸಿಯಂ ಫಾಸ್ಫೇಟ್ ಲವಣಗಳು ಪೈಪಿನ ಗೋಡೆಗೆ ಹತ್ತುತ್ತವೆ. ಸವುಳು ನೀರಿಗೆ ಹೆದರಿ ಕುಡಿಯುವುದನ್ನೇ ಬಿಟ್ಟರೆ ಪೈಪು ಇನ್ನೂ ಬೇಗ ಕಟ್ಟುತ್ತದೆ.

ಹಾಗಾದರೆ ಬ್ಯಾಕ್ಟೀರಿಯಾ ಕಂಡ ಕೂಡಲೇ ಮಾತ್ರೆ ನುಂಗಬೇಕೇ? ಬೇಡ. ಪೈಪು ಇರುವಾಗ ದಿನಕ್ಕೆ 3ರಿಂದ 7ರಷ್ಟು ಪ್ರತಿಶತ ಜನರ ಮೂತ್ರದಲ್ಲಿ ಹೊಸದಾಗಿ ಸೂಕ್ಷ್ಮಾಣು ಸೇರುತ್ತದೆ, ತಿಂಗಳು ಕಳೆಯುವಷ್ಟರಲ್ಲಿ ಹೆಚ್ಚುಕಡಿಮೆ ಎಲ್ಲರಲ್ಲೂ ಇರುತ್ತದೆ. ಜ್ವರ, ಚಳಿ, ನೋವು ಯಾವುದೂ ಇಲ್ಲದೆ ಬರೀ ವಾಸನೆಗೆ, ಬರೀ ಕದಡಿದ ಬಣ್ಣಕ್ಕೆ ಮೆಡಿಕಲ್ ಶಾಪಿನಿಂದ ಆ್ಯಂಟಿಬಯಾಟಿಕ್ ತಂದು ಕೊಡುತ್ತಾ ಹೋದರೆ, ನಿಜವಾಗಿ ಸೋಂಕು ತಗುಲಿದ ದಿನ ಆ ಮಾತ್ರೆ ನಾಟುವುದಿಲ್ಲ. ಗರ್ಭಿಣಿಯರು, ಮೂತ್ರಮಾರ್ಗದ ಶಸ್ತ್ರಚಿಕಿತ್ಸೆಗೆ ಸಿದ್ಧವಾಗುತ್ತಿರುವವರು ಮಾತ್ರ ಈ ‘ಮಾತ್ರೆ ಬೇಡ’ ಎಂಬ ಮಾತಿಗೆ ಹೊರತು. ಕೆಲವರ ಚೀಲ ನೇರಳೆ ಬಣ್ಣಕ್ಕೆ ತಿರುಗುವುದುಂಟು. ನೋಡಿದವರು ವಿಷ, ಮಾಟ ಎಂದೆಲ್ಲ ಗಾಬರಿಯಾಗುತ್ತಾರೆ. ಅದೂ ಬ್ಯಾಕ್ಟೀರಿಯಾಗಳು ಹುಟ್ಟಿಸುವ ಬಣ್ಣ, ಮಲಬದ್ಧತೆ ಇರುವ ವೃದ್ಧೆಯರಲ್ಲಿ ಹೆಚ್ಚು. ಡಾಕ್ಟರಿಗೆ ತೋರಿಸಿ, ಹೆದರಬೇಡಿ.

ಸ್ನಾನ ಮಾಡಿಸಬಾರದು ಎಂಬುದು ಸುಳ್ಳು. ದಿನಾ ಮಾಡಿಸಿ. ಪೈಪು ಮೈ ಸೇರುವ ಜಾಗವನ್ನು ಸೋಪು, ನೀರಿನಿಂದ ತೊಳೆಯಿರಿ, ಪೈಪನ್ನು ಮೈಯಿಂದ ಹೊರಗಿನ ದಿಕ್ಕಿಗೆ ಒರೆಸಿ. ಹೆಂಗಸರಿಗೆ ಮುಂದಿನಿಂದ ಹಿಂದಕ್ಕೆ. ಗಂಡಸರಿಗೆ ಮುಂದೊಗಲು ಸರಿಸಿ ತೊಳೆದ ಮೇಲೆ ಅದನ್ನು ಮತ್ತೆ ಮುಂದಕ್ಕೆ ತರಲೇಬೇಕು, ಮರೆತರೆ ಬಾತುಕೊಂಡು ಸಿಕ್ಕಿಬೀಳುತ್ತದೆ. ಡೆಟಾಲ್, ಪೌಡರು, ಅರಿಶಿನ, ಎಣ್ಣೆ ಯಾವುದೂ ಬೇಡ. ಚೀಲವನ್ನು ಅರ್ಧ ದಾಟಿದಾಗ ಖಾಲಿ ಮಾಡಿ, ಅದಕ್ಕೆ ಮುಂಚೆ ಮತ್ತು ಆಮೇಲೆ ಕೈ ತೊಳೆಯಿರಿ, ಚೀಲದ ಬಾಯಿ ಪಾತ್ರೆಗೆ ತಾಗದಿರಲಿ. ಚೀಲ ಮತ್ತು ಪೈಪು ಸೇರುವ ಗಂಟನ್ನು ಸುಮ್ಮಸುಮ್ಮನೆ ಬಿಚ್ಚಬೇಡಿ. ಬಿಚ್ಚಿದಷ್ಟು ಸಲ ಸೋಂಕಿಗೆ ಬಾಗಿಲು ತೆರೆದಂತೆ.

ಪೈಪಿನ ಪಕ್ಕದಿಂದ ಸೋರಿದರೆ ದಪ್ಪ ಪೈಪು ಹಾಕಿಸುವುದು ಪರಿಹಾರವಲ್ಲ. ಮೊದಲು ಪೈಪು ಎಲ್ಲಾದರೂ ಮಡಚಿದೆಯೇ, ಮೈ ಕೆಳಗೆ ಸಿಕ್ಕಿದೆಯೇ ನೋಡಿ. ಎರಡು ಮೂರು ದಿನದಿಂದ ಮಲ ಹೋಗಿಲ್ಲದಿದ್ದರೂ ಸೋರುತ್ತದೆ. ಮೂತ್ರಕೋಶ ಹಿಂಡಿಕೊಂಡರೂ ಸೋರುತ್ತದೆ, ಅದಕ್ಕೆ ಡಾಕ್ಟರ ಬಳಿ ಮಾತ್ರೆ ಇದೆ. ತೆಗೆಯುವ ಮುಂಚೆ ಪೈಪು ಬಿಗಿದು “ಅಭ್ಯಾಸ” ಮಾಡಿಸಬೇಕೆಂಬ ಹಳೆಯ ಪದ್ಧತಿಯಿಂದ ಲಾಭ ಕಂಡಿಲ್ಲ. ಇನ್ನು, ಕೆಟ್ಟ ಮೇಲೆ ಬದಲಿಸೋಣ ಎಂದು ಕಾಯುವುದೂ ತಪ್ಪು. ಲ್ಯಾಟೆಕ್ಸ್ ಪೈಪಿಗೆ ಕೆಲವೇ ವಾರ, ಸಿಲಿಕೋನಿಗೆ ಹೆಚ್ಚೆಂದರೆ 12 ವಾರ. ಯಾವ ಪೈಪು, ಹಾಕಿದ ದಿನ ಯಾವುದು, ಬದಲಿಸುವ ದಿನ ಯಾವುದು ಎಂದು ಆಸ್ಪತ್ರೆಯಲ್ಲೇ ಬರೆಸಿಕೊಂಡು ಗೋಡೆಯ ಕ್ಯಾಲೆಂಡರಿನಲ್ಲಿ ಗುರುತು ಹಾಕಿ.

ಚಳಿಜ್ವರ, ಕೆಲವು ಗಂಟೆಗಳಿಂದ ಚೀಲಕ್ಕೆ ಹನಿಯೂ ಬೀಳದೆ ಕಿಬ್ಬೊಟ್ಟೆ ಉಬ್ಬುವುದು, ಗಟ್ಟಿ ರಕ್ತ, ವಯಸ್ಸಾದವರು ಇದ್ದಕ್ಕಿದ್ದಂತೆ ತಬ್ಬಿಬ್ಬಾಗುವುದು, ಬೆನ್ನುಹುರಿಗೆ ಪೆಟ್ಟಾದವರಿಗೆ ದಿಢೀರ್ ತಲೆನೋವು ಬಂದು ಬೆವರುವುದು: ಇವುಗಳಲ್ಲಿ ಒಂದು ಕಂಡರೂ ಬೆಳಗಾಗಲಿ ಎಂದು ಕಾಯದೆ 108ಕ್ಕೆ ಕರೆ ಮಾಡಿ.

“ಒಮ್ಮೆ ಪೈಪು ಹಾಕಿದರೆ ಸಾಯೋವರೆಗೂ ಪೈಪೇ” ಎಂಬ ಮಾತಿನಷ್ಟು ಮನಸ್ಸು ಕುಗ್ಗಿಸುವುದು ಬೇರೊಂದಿಲ್ಲ. ಪ್ರಾಸ್ಟೇಟ್ ಊದಿ ಮೂತ್ರ ಕಟ್ಟಿದ ಎಷ್ಟೋ ಗಂಡಸರಿಗೆ ಕೆಲವು ದಿನ ಮಾತ್ರೆ ಕೊಟ್ಟು ಪೈಪು ತೆಗೆದು ನೋಡುತ್ತಾರೆ, ಅನೇಕರಿಗೆ ಮೂತ್ರ ತಾನಾಗಿಯೇ ಹೋಗುತ್ತದೆ. ಬರೀ ಬಟ್ಟೆ ಒದ್ದೆಯಾಗುತ್ತದೆ ಎಂಬ ಕಾರಣಕ್ಕೆ, ನೋಡಿಕೊಳ್ಳುವವರ ಅನುಕೂಲಕ್ಕೆ ಪೈಪು ಹಾಕಿಸುವುದು ಸರಿಯಲ್ಲ. ಗಂಡಸರಿಗೆ ಹೊರಗಿನಿಂದ ತೊಡಿಸುವ ಕಾಂಡೋಮ್ ಕ್ಯಾತಿಟರ್ ಇದೆ. ಮೂತ್ರಕೋಶ ಪೂರ್ತಿ ಖಾಲಿಯಾಗದವರು ಹೊತ್ತುಹೊತ್ತಿಗೆ ತಾವೇ ಪೈಪು ಹಾಕಿ ತೆಗೆಯುವ ವಿಧಾನವೂ ಇದೆ. ಪೈಪು ಒಳಗಿದ್ದಷ್ಟು ದಿನವೂ ಸೋಂಕಿನ ಸಾಧ್ಯತೆ ಏರುತ್ತಲೇ ಹೋಗುತ್ತದೆ. ಮುಂದಿನ ಸಲ ಆಸ್ಪತ್ರೆಗೆ ಹೋದಾಗ, ಕನ್ನಡದಲ್ಲಾಗಲಿ ತೆಲುಗಿನಲ್ಲಾಗಲಿ, ಸಂಕೋಚ ಪಡದೆ ಕೇಳಿ: ಈ ಪೈಪು ಇನ್ನೂ ಬೇಕಾ?