ವ್ಯಾಜ್ಯದ ನೆಲ ಕೊಂಡವನ ಹಕ್ಕೇನು?

ಮದ್ದೂರಿಗೆ ಅನತಿದೂರದಲ್ಲಿ, ಶಿಂಷಾ ನದಿಯ ದಡದಲ್ಲಿದೆ ವೈದ್ಯನಾಥಪುರ. ವೈದ್ಯನಾಥೇಶ್ವರನ ದರ್ಶನಕ್ಕೆಂದು ಪಟ್ಟಣಗಳಿಂದ ಬಂದವರು ಪೂಜೆ ಮುಗಿಸಿ ಹೊಳೆಯ ದಡದಲ್ಲಿ ಕುಳಿತಾಗ, 'ಈ ಸೀಮೆಯಲ್ಲಿ ನಮ್ಮದೂ ಒಂದು ಮನೆಯಿದ್ದಿದ್ದರೆ!' ಎಂದು ಆಸೆಪಡುವುದು ಸಹಜ. ನನ್ನ ಸೋದರಮಾವನವರಿಗೂ ಆ ಆಸೆ ಹುಟ್ಟಿತು. ನಿವೃತ್ತಿಯ ಹಣ ಕೈಯಲ್ಲಿತ್ತು. ಆ ಕಡೆಯೇ ಒಂದು ನಿವೇಶನವೂ ಗೊತ್ತಾಯಿತು.

"ಖಾತೆ ಅವನ ಹೆಸರಿನಲ್ಲಿದೆ, ಋಣಭಾರ ಪತ್ರದಲ್ಲಿ ಒಂದು ಕಲೆಯಿಲ್ಲ. ಇನ್ನೇನು ನೋಡುವುದಯ್ಯಾ?" ಎಂದರು ಮಾವ. ಕ್ರಯಪತ್ರ ನೋಂದಣಿಯಾಯಿತು. ನಾಲ್ಕು ತಿಂಗಳ ತರುವಾಯ ವಕೀಲರ ನೋಟೀಸು ಬಂದಿತು. ಮಾರಿದವನ ತಂಗಿ, ಕ್ರಯಕ್ಕೆ ಮೊದಲೇ, ಅದೇ ಸ್ವತ್ತಿನಲ್ಲಿ ಭಾಗ ಕೇಳಿ ದಾವೆ ಹೂಡಿದ್ದಳು!

'ಅರಿಯದೆ ಕೊಂಡೆ' ಎಂಬ ಮಾತು ಇಂಥಲ್ಲಿ ರಕ್ಷೆಯಾಗದು. 1882ರ ಸ್ವತ್ತು ವರ್ಗಾವಣೆ ಕಾಯಿದೆಯ 52ನೆಯ ಪ್ರಕರಣದಂತೆ, ಸ್ಥಿರಾಸ್ತಿಯ ಹಕ್ಕು ನೇರವಾಗಿ ವಿವಾದದಲ್ಲಿರುವಾಗ, ನ್ಯಾಯಾಲಯದ ಅಪ್ಪಣೆಯಿಲ್ಲದೆ ಅದನ್ನು ಪರಭಾರೆ ಮಾಡಿ ಎದುರು ಪಕ್ಷದ ಹಕ್ಕಿಗೆ ಬಾಧೆ ತರುವಂತಿಲ್ಲ. ದಾವೆ ಸಲ್ಲಿಸಿದ ದಿನದಿಂದ ಡಿಕ್ರಿ ಪೂರ್ಣವಾಗಿ ಜಾರಿಯಾಗುವವರೆಗೂ ಈ ಕಟ್ಟು ಉಂಟು. ತೀರ್ಪಿನ ಹಿಂದಿನ ದಿನ ಸ್ವತ್ತು ಕೈ ಬದಲಾಗುವಂತಿದ್ದರೆ, ಗೆದ್ದವನು ಮತ್ತೆ ಮತ್ತೆ ಹೊಸಬರ ಮೇಲೆ ದಾವೆ ಹೂಡುತ್ತಲೇ ಇರಬೇಕಾದೀತು.

ಹಾಗಾದರೆ ಕೊಂಡವನಿಗೆ ಏನೂ ಉಳಿಯದೆ? ಉಳಿಯುತ್ತದೆ. ಇಂಥ ಕ್ರಯ ದಾವೆಯ ಕಾರಣದಿಂದಲೇ ಅನೂರ್ಜಿತವಾಗುವುದಿಲ್ಲ. ಮುಂದೆ ಬರುವ ತೀರ್ಪಿಗೆ ಅಧೀನವಾಗಿರುತ್ತದೆ. 2010ರಲ್ಲಿ ಅಶೋಕ್ ಕುಮಾರ್ ವಿರುದ್ಧ ಗೋವಿಂದಮ್ಮಾಳ್ ಮೊಕದ್ದಮೆಯಲ್ಲಿ ಸರ್ವೋಚ್ಚ ನ್ಯಾಯಾಲಯ ಇದನ್ನು ಬಿಡಿಸಿ ಹೇಳಿತು: ಭಾಗದಲ್ಲಿ ಆ ಸ್ವತ್ತು ಮಾರಿದವನ ಪಾಲಿಗೇ ಬಂದರೆ ಕೊಂಡವನ ಹಕ್ಕು ಉಳಿಯುತ್ತದೆ, ಒಂದಂಶ ಬಂದರೆ ಅಷ್ಟಕ್ಕೆ ಮಾತ್ರ ಹಕ್ಕು, ಬೇರೆಯವರ ಪಾಲಾದರೆ ಇಲ್ಲ.

ಎರಡನೆಯದು, ದಾವೆಯಲ್ಲಿ ಸೇರುವ ಅವಕಾಶ. ಮಾರಿ ಹಣ ಎಣಿಸಿಕೊಂಡವನಿಗೆ ವ್ಯಾಜ್ಯದಲ್ಲಿ ಶ್ರದ್ಧೆ ಎಲ್ಲಿಯದು? ಸಿವಿಲ್ ಪ್ರಕ್ರಿಯಾ ಸಂಹಿತೆಯ 22ನೆಯ ಆದೇಶದ 10ನೆಯ ನಿಯಮದಂತೆ, ಕೊಂಡವನು ನ್ಯಾಯಾಲಯದ ಅನುಮತಿ ಬೇಡಿ ತಾನೇ ವಾದ ಮುಂದುವರಿಸಬಹುದು. 2013ರ ಥಾಮ್ಸನ್ ಪ್ರೆಸ್ ಮೊಕದ್ದಮೆಯಲ್ಲಿ ಸರ್ವೋಚ್ಚ ನ್ಯಾಯಾಲಯ ಇಂಥ ಖರೀದಿದಾರನನ್ನು ಪಕ್ಷಗಾರನಾಗಿ ಸೇರಿಸಲು ಒಪ್ಪಿತು. ಮೂರನೆಯದು, ಮಾರಿದವನ ಹೊಣೆ. ಹಕ್ಕಿನಲ್ಲಿರುವ ದೋಷವನ್ನು ಮುಚ್ಚಿಡಬಾರದೆಂದು ಅದೇ 1882ರ ಕಾಯಿದೆಯ 55ನೆಯ ಪ್ರಕರಣ ವಿಧಿಸುತ್ತದೆ. ವಂಚಿತನಾದವನು ಹಣಕ್ಕೂ ನಷ್ಟಕ್ಕೂ ಅವನನ್ನು ಕೇಳಬಹುದು.

ಆದರೆ 'ಕೋರ್ಟಿನಲ್ಲಿ ಗೆದ್ದವನು ಸೋತ, ಸೋತವನು ಸತ್ತ' ಎಂಬ ಗಾದೆ ಸುಮ್ಮನೆ ಹುಟ್ಟಿದ್ದಲ್ಲ. ಮುಂಗಡ ಕೊಡುವ ಮೊದಲೇ ಎಚ್ಚರವಿರಲಿ. ಋಣಭಾರ ಪತ್ರ ತೋರಿಸುವುದು ನೋಂದಣಿಯಾದ ದಸ್ತಾವೇಜುಗಳನ್ನು. ದಾವೆಯ ಅರ್ಜಿ ನೋಂದಣಿಯಾಗುವ ದಸ್ತಾವೇಜಲ್ಲ. ಮಹಾರಾಷ್ಟ್ರ, ಗುಜರಾತ್‌ಗಳಲ್ಲಿರುವಂತೆ ದಾವೆಯ ಸೂಚನೆಯನ್ನು ನೋಂದಾಯಿಸುವ ಕ್ರಮ ಎಲ್ಲೆಡೆಯೂ ಬರುವುದು ಒಳಿತೆಂಬ ಆಶಯವನ್ನು 2010ರ ಆ ತೀರ್ಪಿನಲ್ಲೇ ನ್ಯಾಯಾಲಯ ಸೂಚಿಸಿತ್ತು. ಆದುದರಿಂದ ಇ-ಕೋರ್ಟ್ಸ್ ಜಾಲತಾಣದಲ್ಲಿ ಮಾರುವವನ ಹೆಸರನ್ನಷ್ಟೇ ಅಲ್ಲ, ಅವನ ತಂದೆ, ಒಡಹುಟ್ಟಿದವರ ಹೆಸರುಗಳನ್ನೂ ಹುಡುಕಿಸಬೇಕು. ಸ್ಥಳೀಯ ವಕೀಲರಿಂದ ನ್ಯಾಯಾಲಯದಲ್ಲಿ ವಿಚಾರಿಸಬೇಕು. ವಂಶವೃಕ್ಷ ತರಿಸಿ ನೋಡಬೇಕು. 2005ರ ತಿದ್ದುಪಡಿಯಂತೆ ಹಿಂದೂ ಅವಿಭಕ್ತ ಕುಟುಂಬದ ಪಿತ್ರಾರ್ಜಿತದಲ್ಲಿ ಹೆಣ್ಣುಮಕ್ಕಳಿಗೂ ಹುಟ್ಟಿನಿಂದಲೇ ಸಮಭಾಗವುಂಟು. 2020ರಲ್ಲಿ ಸರ್ವೋಚ್ಚ ನ್ಯಾಯಾಲಯ ಅದನ್ನು ದೃಢಪಡಿಸಿದೆ. ಅಕ್ಕತಂಗಿಯರ ರುಜುವಿಲ್ಲದ ಕ್ರಯಪತ್ರವನ್ನು ಕಂಡರೆ ಎರಡು ಸಲ ಯೋಚಿಸಿ.

ಮಾವನವರು ಈಗ ದಾವೆಯಲ್ಲಿ ಪಕ್ಷಗಾರರು. ಒಂದು ದಿನ ನ್ಯಾಯಾಲಯದ ಜಗಲಿಯಲ್ಲಿ ಆ ಹೆಣ್ಣುಮಗಳು ತಾನಾಗಿ ಬಂದು ಅವರಿಗೆ ಕೈಮುಗಿದಳು: "ನಿಮ್ ಮ್ಯಾಲೆ ನಂಗೇನೂ ಸಿಟ್ಟಿಲ್ಲ ಸ್ವಾಮಿ. ನಮ್ಮಪ್ಪನ ಆಸ್ತೀಲಿ ನನ್ ಪಾಲು ಕೇಳ್ತಾ ಇವ್ನಿ, ಅಷ್ಟೆಯಾ."

ಮನೆಗೆ ಬಂದು ಮಾವ ಬಹಳ ಹೊತ್ತು ಮಾತನಾಡಲಿಲ್ಲ. ಕೊನೆಗೆ, "ಅವಳು ಹೇಳಿದ್ದು ನ್ಯಾಯವೇ ಕಣಯ್ಯಾ. ಕೊಳ್ಳುವ ಮುಂಚೆ ಅವಳ ಮನೆಗೆ ಹೋಗಿ ಒಂದು ಮಾತು ಕೇಳಿದ್ದರೆ ಸಾಕಿತ್ತು" ಎಂದರು.