ನೆರವಿನ ಪಾತ್ರವಿಲ್ಲದ ಕಥೆ: ಸಿಲ್ವಿಯಾ ಲೈಕೆನ್ಸ್ ಪ್ರಕರಣ ಮತ್ತು ಎರಡು ಚಲನಚಿತ್ರಗಳು

ಸ್ವಂತ ಮನೆಯಲ್ಲೇ ಕಿರುಕುಳಕ್ಕೀಡಾಗುವ ಹುಡುಗಿಯ ಕಥೆ ಜನಪದ ಕಥಾಪ್ರಪಂಚದಲ್ಲಿ ಬಹು ವ್ಯಾಪಕವಾದುದು. ಎ.ಕೆ. ರಾಮಾನುಜನ್ ಅವರು ಕನ್ನಡದ ಸಿಂಡರೆಲಾ ಎಂದು ಗುರುತಿಸಿದ ‘ಹಂಚಿ’ ಕಥೆಯಲ್ಲಿ ಸಹೋದರನ ಕಾಮದೃಷ್ಟಿಯಿಂದ ಮಗಳನ್ನು ಕಾಪಾಡಲು ತಾಯಿಯೇ ಆಕೆಗೆ ಮಣ್ಣಿನ ಮುಖವಾಡ ತೊಡಿಸಿ ಮನೆಯಿಂದ ಹೊರಗೆ ಕಳುಹಿಸುತ್ತಾಳೆ. ತಾಯಿ, ಮುದುಕಿ, ಹಸು, ಮರ, ರೂಪ ಯಾವುದೇ ಇರಲಿ, ಈ ವರ್ಗದ ಕಥೆಗಳಲ್ಲಿ ನೆರವಿನ ಪಾತ್ರವೊಂದು ಸಾಮಾನ್ಯವಾಗಿ ಇದ್ದೇ ಇರುತ್ತದೆ. ಆ ಪಾತ್ರವೇ ಇಲ್ಲವಾದಾಗ ಕಥನ ಯಾವ ದಾರಿ ಹಿಡಿಯುತ್ತದೆ ಎಂಬುದಕ್ಕೆ ಅಮೆರಿಕದ ಇಂಡಿಯಾನಾಪೊಲಿಸ್ ನಗರದ ಪ್ರಕರಣವೊಂದೂ ಅದನ್ನಾಧರಿಸಿದ ಎರಡು ಚಲನಚಿತ್ರಗಳೂ ನಿದರ್ಶನವಾಗಿವೆ.

1965ರಲ್ಲಿ, ಊರೂರು ಸುತ್ತುವ ಕಾರ್ನಿವಲ್‌ನ ಕೆಲಸಕ್ಕೆ ಹೊರಟ ದಂಪತಿಗಳು ತಮ್ಮ ಇಬ್ಬರು ಹೆಣ್ಣುಮಕ್ಕಳನ್ನು ವಾರಕ್ಕೆ 20 ಡಾಲರ್ ಕೊಡುವ ಮಾತಿನ ಮೇಲೆ ಗರ್ಟ್ರೂಡ್ ಬನಿಶೆವ್‌ಸ್ಕಿ ಎಂಬಾಕೆಯ ಮನೆಯಲ್ಲಿ ಬಿಟ್ಟರು. ಕೆಲವೇ ತಿಂಗಳಲ್ಲಿ, ಅಕ್ಟೋಬರ್ 26ರಂದು, ಹಿರಿಯವಳಾದ 16 ವರ್ಷದ ಸಿಲ್ವಿಯಾ ಲೈಕೆನ್ಸ್ ಚಿತ್ರಹಿಂಸೆಯಿಂದ ಸತ್ತಳು. ಗರ್ಟ್ರೂಡ್‌ಳ ಮಕ್ಕಳಷ್ಟೇ ಅಲ್ಲ, ನೆರೆಹೊರೆಯ ಮಕ್ಕಳೂ ಹಿಂಸೆಯಲ್ಲಿ ಪಾಲ್ಗೊಂಡಿದ್ದರು. ಅಕ್ಕಪಕ್ಕದವರಿಗೆ ಚೀರಾಟ ಕೇಳಿಸಿತ್ತು. ವಿಚಾರಿಸಲು ಬಂದ ಆರೋಗ್ಯ ಇಲಾಖೆಯ ದಾದಿಯೂ ಹುಡುಗಿ ಮನೆಬಿಟ್ಟು ಹೋದಳೆಂಬ ಮಾತನ್ನು ಕೇಳಿ ಹಿಂದಿರುಗಿದ್ದರು.

ಈ ಘಟನೆಯನ್ನು ಜ್ಯಾಕ್ ಕೆಚಮ್ 1989ರಲ್ಲಿ ‘ದಿ ಗರ್ಲ್ ನೆಕ್ಸ್ಟ್ ಡೋರ್’ ಎಂಬ ಕಾದಂಬರಿಯಾಗಿಸಿದರು. ಅದು 2007ರಲ್ಲಿ ಗ್ರೆಗರಿ ವಿಲ್ಸನ್ ನಿರ್ದೇಶನದಲ್ಲಿ ಚಲನಚಿತ್ರವಾಯಿತು. ಭಯಾನಕ ಸಾಹಿತ್ಯಕ್ಕೆ ಹೆಸರಾದ ಕೆಚಮ್ ಇಲ್ಲಿ ದೆವ್ವಭೂತಗಳನ್ನು ತಂದಿಲ್ಲ. ಭಯವೆಲ್ಲ ನೋಡುತ್ತ ನಿಂತವರಲ್ಲಿದೆ. ಹೆಸರು, ಕಾಲಗಳು ಬದಲಾಗಿವೆ. ಅದಕ್ಕಿಂತ ಮುಖ್ಯವಾದುದು ಡೇವಿಡ್ ಎಂಬ ನೆರೆಮನೆಯ ಹುಡುಗನ ಪಾತ್ರ. ಬಹುಕಾಲ ಮೂಕಸಾಕ್ಷಿಯಾಗಿದ್ದ ಆತ ತಡವಾಗಿಯಾದರೂ ನೆರವಿಗೆ ಮುಂದಾಗುತ್ತಾನೆ. ಹುಡುಗಿ ಉಳಿಯುವುದಿಲ್ಲ, ಆದರೆ ಪೀಡಕಿ ಅವನ ಕೈಯಲ್ಲೇ ಸಾಯುತ್ತಾಳೆ. ಜನಪದ ಕಥೆಯ ದುಷ್ಟಶಿಕ್ಷೆಯ ಆಶಯ ಇಲ್ಲಿ ಹೀಗೆ ಮರಳಿ ಬಂದಿದೆ.

ಟಾಮಿ ಓಹೇವರ್ ನಿರ್ದೇಶನದ ‘ಆನ್ ಅಮೆರಿಕನ್ ಕ್ರೈಮ್’ ಕೂಡ 2007ರದೇ. ಇದನ್ನು ಭಯಾನಕ ಚಿತ್ರವೆನ್ನುವುದಕ್ಕಿಂತ ಅಪರಾಧ ಚಿತ್ರವೆನ್ನುವುದು ಸರಿ. ನಿಜವಾದ ಹೆಸರುಗಳನ್ನೇ ಬಳಸಿಕೊಂಡು ನ್ಯಾಯಾಲಯದ ವಿಚಾರಣೆಯನ್ನೂ ಹೆಣೆದುಕೊಂಡಿದೆ. ಕೊನೆಗೆ ಸಿಲ್ವಿಯಾ ತಪ್ಪಿಸಿಕೊಂಡು ತಂದೆತಾಯಿಯರನ್ನು ಸೇರುತ್ತಾಳೆ. ಆದರೆ ಮರಳಿ ಆ ಮನೆಗೆ ಬಂದಾಗ ಕಾಣುವುದು ಅವಳದೇ ಶವ. ಬಿಡುಗಡೆ ಸಾಯುವವಳ ಕಲ್ಪನೆಯಾಗಿತ್ತು. ಇಲ್ಲದ ನೆರವನ್ನು ತೋರಿಸಿ ಹಿಂತೆಗೆದುಕೊಳ್ಳುವ ಈ ಕ್ರಮ ವಿಲ್ಸನ್ ಚಿತ್ರದ ಪ್ರತೀಕಾರಕ್ಕಿಂತ ಹೆಚ್ಚು ಪ್ರಾಮಾಣಿಕವಾದುದು.

ವಾಸ್ತವದಲ್ಲಿ ಗರ್ಟ್ರೂಡ್‌ಗೆ 1966ರಲ್ಲಿ ಜೀವಾವಧಿ ಶಿಕ್ಷೆಯಾಯಿತು. 1985ರಲ್ಲಿ ಪೆರೋಲ್ ಮೇಲೆ ಹೊರಬಂದು 1990ರಲ್ಲಿ ಆಕೆ ತೀರಿಕೊಂಡಳು. ಚೀರಾಟ ಕೇಳಿಯೂ ಸುಮ್ಮನಿದ್ದ ನೆರೆಮನೆಯ ಹಿರಿಯರ ಮೇಲೆ ಯಾವ ಆರೋಪವೂ ದಾಖಲಾಗಲಿಲ್ಲ.